ಜಕಾರ್ತಾದ ಸೆಕೆಗೆ ಯಾವ ಸೆಂಟು?

ಕೆಲಸಕ್ಕೆಂದು ಜಕಾರ್ತಾಕ್ಕೆ ಹೊರಟಿದ್ದೀರಿ. ಇಸಿ ಉಲಾಂಗ್ (ಬಾಟಲಿಗೆ ಮತ್ತೆ ತುಂಬಿಕೊಡುವ) ಅಂಗಡಿಯ ಸೆಂಟೋ, ಎಚ್‌ಎಂಎನ್‌ಎಸ್‌ನಂಥ ಅಲ್ಲಿನದೇ ಬ್ರ್ಯಾಂಡೋ, ಮೈಗೆ ಸಿಂಪಡಿಸುವ ತೆಳು ಪರಿಮಳದ ಬಾಡಿ ಮಿಸ್ಟೋ ಎಂದು ಕೇಳಿದ್ದೀರಿ.

ದುಡ್ಡು ಉಳಿಸಬೇಕಾದರೆ ಇಸಿ ಉಲಾಂಗ್. ಖಾಲಿ ಬಾಟಲಿ ಕೊಟ್ಟರೆ ಕಣ್ಣೆದುರೇ ಸುಗಂಧದ ಎಣ್ಣೆಗೆ ಆಲ್ಕೋಹಾಲ್ ಬೆರೆಸಿ ತುಂಬಿಕೊಡುತ್ತಾರೆ. ಎಣ್ಣೆ ಜಾಸ್ತಿ ಹಾಕಿಸಿದರೆ ಪರಿಮಳ ಹೆಚ್ಚು ಹೊತ್ತು ನಿಲ್ಲುತ್ತದೆ. ಆದರೆ ಪ್ರತಿ ಸಲವೂ ಅದೇ ಹದ ಸಿಗುವ ಖಾತರಿಯಿಲ್ಲ.

ಬೆಳಗ್ಗೆ ಹಾಕಿದ್ದು ಆಫೀಸು ಮುಗಿಯುವ ತನಕ ಇರಬೇಕೆಂದರೆ ಬ್ರ್ಯಾಂಡಿನ ಓ ದ ಪರ್ಫ್ಯೂಮ್ (ಸುಗಂಧದ ಎಣ್ಣೆ ಹೆಚ್ಚಿರುವ ಸೆಂಟು) ನೋಡಿ. ಬೆಲೆ ಜಾಸ್ತಿ. ಆದರೆ ಅಲ್ಲಿನ ಆಹಾರ ಮತ್ತು ಔಷಧ ನಿಯಂತ್ರಣ ಸಂಸ್ಥೆ ಬಿಪಿಒಎಂನ ನೋಂದಣಿ ಸಂಖ್ಯೆ ಪರೀಕ್ಷಿಸಿಕೊಳ್ಳಬಹುದು. ಸೂಕ್ಷ್ಮ ಚರ್ಮದವರಿಗೆ ಇದು ದೊಡ್ಡ ಸಮಾಧಾನ. ಟಿಕ್‌ಟಾಕ್ ನೋಡಿ ಸುಮ್ನೆ ದೊಡ್ಡ ಬಾಟಲಿ ತರಿಸಬೇಡಿ. ವೈರಲ್ ಆದದ್ದು ನಿಮ್ಮ ಮೈಗೂ ಒಗ್ಗಬೇಕಲ್ವಾ?

ಅಲ್ಲಿ ದಿನಕ್ಕೆ ಎರಡು ಸ್ನಾನ ರೂಢಿ. ಸಂಜೆಯ ಸ್ನಾನದ ಮೇಲೆ ಮನೆಯಲ್ಲೇ ಇರುವುದಾದರೆ ಬಾಡಿ ಮಿಸ್ಟ್ ಸಾಕು.