ಒಂದೇ ದಿನಕ್ಕೆ ಕೋಟೆ, ದೇವರು, ವೈನ್: ಮುಂಗಡ ಕೊಡುವ ಮೊದಲು ಇದನ್ನು ಓದಿ

"ಬ್ರಿಟಿಷರ ಕಾಲದ ಬಳ್ಳಾರಿ, ಹಂಪಿ ಮತ್ತು ಅಂಜನಾದ್ರಿ ದರ್ಶನ, ಜೊತೆಗೆ ದ್ರಾಕ್ಷಿ ತೋಟದಲ್ಲಿ ವೈನ್ ಟೇಸ್ಟಿಂಗ್. ಬೆಳಗ್ಗೆ 6ಕ್ಕೆ ಹೊರಟು ರಾತ್ರಿ 9ಕ್ಕೆ ಮನೆಗೆ. ತಲೆಗೆ 3,200 ರೂಪಾಯಿ, ಗೈಡ್ ಸಮೇತ." ವಾಟ್ಸಾಪಿನಲ್ಲಿ ಇಂಥ ಪ್ಯಾಕೇಜಿನ ಪೋಸ್ಟರ್ ಬಂದರೆ ಒಂದು ಗಳಿಗೆ ನಿಲ್ಲಿ. ಹೋದ ನವೆಂಬರಿನಲ್ಲಿ ಬಳ್ಳಾರಿಯಿಂದ ಹೀಗೆ ಹೊರಟ 12 ಜನರ ಟೆಂಪೊ ಟ್ರಾವೆಲರ್ ಮರಳಿದ್ದು ರಾತ್ರಿ ಹನ್ನೆರಡೂವರೆಗೆ. ಬ್ರಿಟಿಷರ ಬಳ್ಳಾರಿಯನ್ನು ಕಿಟಕಿಯಿಂದ ತೋರಿಸಿದರು, ದ್ರಾಕ್ಷಿ ತೋಟವನ್ನು ತೋರಿಸಲೇ ಇಲ್ಲ, ಹರಕೆ ಹೊತ್ತು ಬಂದ ಹಿರಿಯರಿಗೆ ದರ್ಶನ ತಪ್ಪಿತು. ಪ್ಯಾಕೇಜು ಮಾರಿದವರ ಹೆಸರು ಇಲ್ಲಿ ಬೇಡ, ಏಕೆಂದರೆ ಇದೇ ಪಟ್ಟಿಯನ್ನು ಬೇರೆ ಬೇರೆ ಹೆಸರಿನಲ್ಲಿ ಮಾರುವವರು ಇನ್ನೂ ಇದ್ದಾರೆ. ಎಲ್ಲಿ ಎಡವಿತು, ಯಾಕೆ ಎಡವಿತು ಅನ್ನುವುದು ಮುಖ್ಯ.

ಮೊದಲು ದೂರದ ಲೆಕ್ಕ. ಬಳ್ಳಾರಿಯಿಂದ ಹೊಸಪೇಟೆಗೆ 60 ಕಿ.ಮೀ.ಗಿಂತ ತುಸು ಹೆಚ್ಚು, ಅಲ್ಲಿಂದ ಹಂಪಿಗೆ 13. ಹಂಪಿಯಿಂದ ಬುಕ್ಕಸಾಗರ–ಕಡೆಬಾಗಿಲು ಸೇತುವೆ ದಾಟಿ ಆನೆಗೊಂದಿ, ಅಂಜನಾದ್ರಿ ಸೇರಲು ಸುಮಾರು 20. ಕೊಪ್ಪಳ ಜಿಲ್ಲೆಯಲ್ಲಿ ವೈನ್ ದ್ರಾಕ್ಷಿ ಬೆಳೆಯುವುದು ಕುಷ್ಟಗಿ ಸೀಮೆಯಲ್ಲಿ. ಗಂಗಾವತಿ ಮೇಲಿಂದ ಹೋದರೂ ಇನ್ನು 60–70 ಕಿ.ಮೀ. ಬೇಕು. ಅಲ್ಲಿಂದ ಬಳ್ಳಾರಿಗೆ ಮರಳಲು 130ರ ಆಸುಪಾಸು. ಎಲ್ಲ ಸೇರಿ ಮುನ್ನೂರು ಕಿ.ಮೀ. ಹತ್ತಿರ. ತೋರಣಗಲ್ಲಿನ ಬಳಿ ಅದಿರು ಲಾರಿಗಳ ಸಾಲು, ಗಂಗಾವತಿ ಕಡೆ ಭತ್ತದ ಟ್ರ್ಯಾಕ್ಟರುಗಳು ಇರುವುದರಿಂದ ಗಂಟೆಗೆ 40 ಕಿ.ಮೀ. ಸಿಕ್ಕರೆ ಹೆಚ್ಚು. ಅಂದರೆ ಏಳು ಗಂಟೆ ಬರೀ ಗಾಡಿಯಲ್ಲಿ. ಬಳ್ಳಾರಿ ಊರೊಳಗೆ ಒಂದೂವರೆ ಗಂಟೆ, ಹಂಪಿಯಲ್ಲಿ ತೀರಾ ಕಡಿಮೆಯೆಂದರೂ ನಾಲ್ಕು, ಅಂಜನಾದ್ರಿ ಹತ್ತಿ ಇಳಿಯಲು ಎರಡು, ತೋಟ ಮತ್ತು ಟೇಸ್ಟಿಂಗಿಗೆ ಎರಡು, ತಿಂಡಿ ಊಟಕ್ಕೆ ಒಂದೂವರೆ ಹಿಡಿಯಿರಿ. ಒಟ್ಟು ಹದಿನೆಂಟು ಗಂಟೆಯಾಗುತ್ತದೆ. ಅವರು ಮಾರುತ್ತಿರುವುದು ಹದಿನೈದು ಗಂಟೆಯ ದಿನ. ಕಡಿಮೆ ಬೀಳುವ ಆ ಮೂರು ಗಂಟೆ ನಿಮ್ಮ ನೋಟದಿಂದ, ದರ್ಶನದಿಂದ ಕಳೆಯುತ್ತದೆ.

ಆ ದಿನವೂ ಹಾಗೆಯೇ ಆಯಿತು. ಐದು ಕಡೆ ಜನರನ್ನು ಹತ್ತಿಸಿಕೊಂಡು ಗಾಡಿ ಊರು ಬಿಟ್ಟಿದ್ದೇ 7.20ಕ್ಕೆ. ಹೊತ್ತಾಯಿತೆಂದು ಕೋಟೆ, ಕಂಟೋನ್ಮೆಂಟ್ ಎರಡನ್ನೂ ಚಲಿಸುವ ಗಾಡಿಯಿಂದಲೇ ಮುಗಿಸಿದರು. ಗೈಡ್ ಹೇಳಿದ ಇತಿಹಾಸವೂ ಕಲಸುಮೇಲೋಗರ. ಬಳ್ಳಾರಿ, ಕೊಪ್ಪಳ, ರಾಯಚೂರು ಮೂರೂ "ಬ್ರಿಟಿಷರ ಊರುಗಳು" ಎಂದು ಒಂದೇ ಉಸಿರಿಗೆ ಹೇಳಿಬಿಟ್ಟರು. ಬಳ್ಳಾರಿಯನ್ನು 1800ರಲ್ಲಿ ನಿಜಾಮರು ಇಂಗ್ಲಿಷರಿಗೆ ಬಿಟ್ಟುಕೊಟ್ಟರು. ದತ್ತ ಮಂಡಲವೆಂಬ ಹೆಸರು ಬಂದದ್ದು ಅದರಿಂದ, ಅಲ್ಲಿ ಕಲೆಕ್ಟರಾಗಿ ಬಂದವರು ಥಾಮಸ್ ಮನ್ರೋ. 1953ರ ಅಕ್ಟೋಬರ್ 1ರವರೆಗೆ ಬಳ್ಳಾರಿ ಮದ್ರಾಸಿಗೆ ಸೇರಿತ್ತು. ಕೊಪ್ಪಳ, ರಾಯಚೂರು 1948ರವರೆಗೆ ಹೈದರಾಬಾದ್ ಸಂಸ್ಥಾನದಲ್ಲಿದ್ದವು. 1853ರಿಂದ 1860ರವರೆಗೆ ಮಾತ್ರ ರಾಯಚೂರು ದೋಆಬ್, ಅಂದರೆ ಕೃಷ್ಣಾ–ತುಂಗಭದ್ರೆಗಳ ನಡುವಿನ ಈ ಸೀಮೆ, ಇಂಗ್ಲಿಷರ ಆಡಳಿತದಲ್ಲಿತ್ತು. ಈ ವ್ಯತ್ಯಾಸ ಗೊತ್ತಿಲ್ಲದ ಗೈಡಿಗೆ 1858ರಲ್ಲಿ ಮುಂಡರಗಿ ಭೀಮರಾಯರು ಕೊಪ್ಪಳ ಕೋಟೆ ಹಿಡಿದು ಇಂಗ್ಲಿಷರ ವಿರುದ್ಧ ಹೋರಾಡಿ ಮಡಿದದ್ದು ಏಕೆ ದೊಡ್ಡದು ಎಂದು ವಿವರಿಸಲು ಆಗುವುದಿಲ್ಲ. ಬಳ್ಳಾರಿ ಗುಡ್ಡದ ಕೋಟೆಯನ್ನು ಬಲಪಡಿಸಿದ ಫ್ರೆಂಚ್ ಎಂಜಿನಿಯರನ್ನು, ಎದುರಿನ ಕುಂಬಾರ ಗುಡ್ಡ ಹೆಚ್ಚು ಎತ್ತರ ಎಂದು ಗೊತ್ತಾದ ಮೇಲೆ ಹೈದರ್ ಅಲಿ ಗಲ್ಲಿಗೇರಿಸಿದ ಕಥೆಯನ್ನು ಎಲ್ಲರೂ ಹೇಳುತ್ತಾರೆ. ಅದು ಊರಿನ ಬಾಯಿಮಾತು. ಕಥೆಯೆಂದೇ ಹೇಳಿದರೆ ಚೆಂದ, ದಾಖಲೆಯೆಂದರೆ ತಪ್ಪು.

ಬಳ್ಳಾರಿಯನ್ನು ನಿಜವಾಗಿ ನೋಡಬೇಕೆಂದರೆ ಬೆಳಗ್ಗೆ ಬಿಸಿಲೇರುವ ಮೊದಲು ಗುಡ್ಡ ಹತ್ತಿ ಇಳಿಯಬೇಕು. ಹಾಸುಬಂಡೆ ಒಂಬತ್ತರ ಮೇಲೆ ಹೆಂಚಿನಂತೆ ಕಾಯುತ್ತದೆ. ಆಮೇಲೆ ಕಂಟೋನ್ಮೆಂಟ್ ಕಡೆಯ ಹಳೆ ಚರ್ಚುಗಳು, ವಾರ್ಡ್ಲಾ ಶಾಲೆ, ಭೂವಿಜ್ಞಾನಿ ರಾಬರ್ಟ್ ಬ್ರೂಸ್ ಫೂಟ್ ಹೆಸರಿನ ಸಂಗನಕಲ್ಲು ವಸ್ತುಸಂಗ್ರಹಾಲಯ. ಇಷ್ಟಕ್ಕೆ ಅರ್ಧ ದಿನ ಬೇಕು. ಬಳ್ಳಾರಿಯವರೇ ಎಷ್ಟೋ ಮಂದಿ ಆ ವಸ್ತುಸಂಗ್ರಹಾಲಯದ ಒಳಗೆ ಕಾಲಿಟ್ಟಿಲ್ಲ.

ಹಂಪಿಯಲ್ಲಿ "ಸ್ಮಾರಕ ಶುಲ್ಕ" ಎಂದು ತಲೆಗೆ 300 ರೂಪಾಯಿ ಬೇರೆ ಕಿತ್ತರು. ಪುರಾತತ್ವ ಸರ್ವೇಕ್ಷಣಾ ಇಲಾಖೆಯ ಟಿಕೆಟ್ ಭಾರತೀಯರಿಗೆ 40 ರೂಪಾಯಿ, 15 ವರ್ಷದೊಳಗಿನ ಮಕ್ಕಳಿಗೆ ಉಚಿತ. ವಿಜಯ ವಿಠ್ಠಲ ದೇವಾಲಯದಲ್ಲಿ ತೆಗೆದ ಟಿಕೆಟ್ಟೇ ಅದೇ ದಿನ ಕಮಲ ಮಹಲಿನ ಆವರಣಕ್ಕೂ ಕಮಲಾಪುರದ ವಸ್ತುಸಂಗ್ರಹಾಲಯಕ್ಕೂ ನಡೆಯುತ್ತದೆ. ಟಿಕೆಟ್ಟನ್ನು ನಿಮ್ಮ ಕೈಗೆ ಕೇಳಿ ಪಡೆಯಿರಿ. ಶುಕ್ರವಾರ ಆ ವಸ್ತುಸಂಗ್ರಹಾಲಯಕ್ಕೆ ರಜೆ, ಆದರೂ ಶುಕ್ರವಾರದ ಪಟ್ಟಿಯಲ್ಲಿ ಅದನ್ನು ಸೇರಿಸುವವರಿದ್ದಾರೆ. ವಿಠ್ಠಲನ ಸಂಗೀತ ಕಂಬಗಳನ್ನು ಬಡಿದು ತೋರಿಸುತ್ತೇನೆಂದು ಗೈಡ್ ಹೇಳಿದರೆ ಅಲ್ಲೇ ತಡೆಯಿರಿ. ಅದು ನಿಷಿದ್ಧ, ಕಂಬಗಳು ಸವೆದದ್ದೇ ಹಾಗೆ. ಪ್ರವಾಸೋದ್ಯಮ ಇಲಾಖೆಯ ಗುರುತಿನ ಚೀಟಿ ಕೊರಳಲ್ಲಿರುವ ಗೈಡ್ ಸಾಮಾನ್ಯವಾಗಿ ಆ ಕೆಲಸಕ್ಕೆ ಕೈ ಹಾಕುವುದಿಲ್ಲ.

ಎಲ್ಲಕ್ಕಿಂತ ನೋಯಿಸುವುದು ಮುಂದಿನದು. ವಿರೂಪಾಕ್ಷನ ಸನ್ನಿಧಿ ಮುಟ್ಟುವಷ್ಟರಲ್ಲಿ ಮಧ್ಯಾಹ್ನ, ಗರ್ಭಗುಡಿಯ ಬಾಗಿಲು ಹಾಕಿತ್ತು. "ತೋಟದವರು ಮೂರಕ್ಕೇ ಬರಲು ಹೇಳಿದ್ದಾರೆ, ಅಂಜನಾದ್ರಿ ಸಂಜೆಗೆ ಇಟ್ಟುಕೊಳ್ಳೋಣ" ಎಂದು ಗೈಡ್ ಕ್ರಮ ಬದಲಿಸಿದರು. ವೈನ್ ಮೊದಲು, ಹನುಮಪ್ಪ ಆಮೇಲೆ. ಸಂಜೆ ಐದೂವರೆಗೆ ಬೆಟ್ಟದ ಬುಡಕ್ಕೆ ಬಂದಾಗ, ಬಾಯಲ್ಲಿ ವಾಸನೆ ಇಟ್ಟುಕೊಂಡು ಮೆಟ್ಟಿಲು ತುಳಿಯಲು ಮನಸ್ಸೊಪ್ಪದೆ ಆರು ಜನ ಕೆಳಗೇ ಕೂತರು. ಕುಡಿಯದ ಇಬ್ಬರು ಹಿರಿಯರಿಗೆ, ಕತ್ತಲಾಗುವ ಮೊದಲು 575 ಮೆಟ್ಟಿಲು ಹತ್ತಿ ಇಳಿಯುವ ಧೈರ್ಯ ಸಾಲಲಿಲ್ಲ. ಅವರು ಹರಕೆಗೆಂದೇ ಬಂದಿದ್ದರು.

ಹಾಗಾಗಿ ಒಂದು ಕಟ್ಟುನಿಟ್ಟು: ದೇವಸ್ಥಾನವೆಲ್ಲ ಮುಗಿದ ಮೇಲೆಯೇ ವೈನ್. ಕ್ರಮ ತಿರುವು ಮುರುವಾಗಿದ್ದರೆ ಆ ಪ್ಯಾಕೇಜು ಬೇಡವೇ ಬೇಡ. ಭಕ್ತಿಯ ಮಾತು ಪಕ್ಕಕ್ಕಿಟ್ಟರೂ, ಬಿಸಿಲಲ್ಲಿ ಬೆವರಿ ಒಣಗಿದ ಮೈಗೆ ವೈನ್ ಬೇಗ ಏರುತ್ತದೆ. ಆ ಕಾಲಲ್ಲಿ ಕಡಿದಾದ ಮೆಟ್ಟಿಲು ಇಳಿಯುವುದು ಅಪಾಯ. ಅಂಜನಾದ್ರಿಗೆ ಬೆಳಗ್ಗೆ ಏಳರೊಳಗೆ ಹತ್ತಲು ಶುರು ಮಾಡಿ. ಅಭ್ಯಾಸವಿಲ್ಲದವರಿಗೆ ಏರಲು 45 ನಿಮಿಷ, ಒಬ್ಬರಿಗೆ ಒಂದು ಲೀಟರ್ ನೀರು. ಶನಿವಾರ ಜನಜಂಗುಳಿ, ಹನುಮ ಮಾಲೆ ವಿಸರ್ಜನೆಯ ದಿನಗಳಲ್ಲಂತೂ ಪ್ರವಾಸದ ಗಾಡಿ ಹತ್ತಿರ ಸುಳಿಯಲೂ ಆಗದು. ಪಟ್ಟಿಯಲ್ಲಿ ನವವೃಂದಾವನವೂ ಇದ್ದರೆ ತುಂಗಭದ್ರಾ ಅಣೆಕಟ್ಟಿನಿಂದ ನದಿಗೆ ನೀರು ಬಿಟ್ಟಿದ್ದಾರೆಯೇ ಎಂದು ಹಿಂದಿನ ದಿನವೇ ವಿಚಾರಿಸಿ. ಹೊಳೆ ಏರಿದರೆ ದೋಣಿ, ಹರಿಗೋಲು ನಿಲ್ಲುತ್ತವೆ, ನಡುಗಡ್ಡೆ ದೂರದಿಂದಲೇ ಕೈಮುಗಿಯುವ ಜಾಗವಾಗುತ್ತದೆ. ಮಳೆಗಾಲದಲ್ಲಿ ಇದನ್ನು ಮುಚ್ಚಿಟ್ಟು ಹಣ ತೆಗೆದುಕೊಳ್ಳುವುದು ಮಾಮೂಲು.

ಇನ್ನು ವೈನ್. ಕರೆದುಕೊಂಡು ಹೋದದ್ದು ತೋಟಕ್ಕಲ್ಲ, ಗಂಗಾವತಿ ರಸ್ತೆಯ ಒಂದು ರೆಸ್ಟೋರೆಂಟಿನ ಹಿಂದಿನ ಹಜಾರಕ್ಕೆ. ಪೋಸ್ಟರಿನಲ್ಲಿ "ದ್ರಾಕ್ಷಿ ಕೊಯ್ಲು, ದ್ರಾಕ್ಷಿ ತುಳಿಯುವ ಸಂಭ್ರಮ" ಎಂದಿತ್ತು. ನವೆಂಬರಿನಲ್ಲಿ ನಮ್ಮ ಕಡೆ ಕೊಯ್ಲು ಎಲ್ಲಿಂದ ಬರಬೇಕು? ಇಲ್ಲಿ ದ್ರಾಕ್ಷಿ ಬಳ್ಳಿಗೆ ವರ್ಷಕ್ಕೆರಡು ಚಾಟ್ನಿ, ಅಂದರೆ ಕಡ್ಡಿ ಸವರುವ ಕೆಲಸ. ಏಪ್ರಿಲಿನದು ಕಡ್ಡಿ ಬಲಿಯಲು, ಸೆಪ್ಟೆಂಬರ್–ಅಕ್ಟೋಬರಿನದು ಹಣ್ಣಿಗೆ. ಅಕ್ಟೋಬರಿನಲ್ಲಿ ಸವರಿದ ಬಳ್ಳಿ ನವೆಂಬರಿನಲ್ಲಿ ಹೂವಿನಲ್ಲೋ ಸಾಸಿವೆಯಷ್ಟು ಕಾಯಲ್ಲೋ ಇರುತ್ತದೆ. ಕೊಯ್ಲು ಜನವರಿಯಿಂದ ಮಾರ್ಚ್. ಬೇರೆ ತಿಂಗಳಲ್ಲಿ ಕೊಯ್ಲು ತೋರಿಸುತ್ತೇವೆಂದರೆ ಅವರು ತೋಟದ ಮುಖ ನೋಡಿಲ್ಲ ಎಂದೇ ಅರ್ಥ. ತುಳಿಯುವುದೂ ಫೋಟೊ ಆಟ. ವೈನರಿಯಲ್ಲಿ ತೊಟ್ಟು ಬಿಡಿಸಿ ಹಣ್ಣು ಒಡೆಯಲು ಯಂತ್ರಗಳಿವೆ.

ಸರಿಯಾದ ಟೇಸ್ಟಿಂಗ್ ಹೇಗಿರುತ್ತದೆ ಎಂದು ತಿಳಿದಿದ್ದರೆ ಕುಳಿತ ಐದು ನಿಮಿಷಕ್ಕೆ ಮೋಸ ಗೊತ್ತಾಗುತ್ತದೆ. ನಾಲ್ಕೈದು ಬಗೆ, ಒಂದೊಂದೂ 30 ಮಿ.ಲೀ. ಆಸುಪಾಸು. ಮೊದಲು ಬಿಳಿ, ಆಮೇಲೆ ರೋಸೆ, ಅನಂತರ ಕೆಂಪು, ಸಿಹಿಯದು ಕಟ್ಟಕಡೆಗೆ. ಬಿಳಿಯದು 8ರಿಂದ 12 ಡಿಗ್ರಿ ತಂಪಿರಬೇಕು, ಕೆಂಪಿನದು 15ರಿಂದ 18. ಕೆಂಪು ವೈನನ್ನು ಕೋಣೆಯ ಬಿಸಿಯಲ್ಲೇ ಕೊಡಬೇಕೆಂಬ ಮಾತು ಚಳಿ ದೇಶದ ಕೋಣೆಗೆ ಹೇಳಿದ್ದು. ನಮ್ಮ ಕೋಣೆ 32 ಡಿಗ್ರಿ ಇದ್ದಾಗ ಹಾಗೆ ಕೊಟ್ಟರೆ ಬರೀ ಸ್ಪಿರಿಟ್ಟಿನ ಘಾಟು ಮೂಗಿಗೆ ಹೊಡೆಯುತ್ತದೆ. ಕಾಲುಳ್ಳ ಗಾಜಿನ ಗ್ಲಾಸು, ನಡುವೆ ಕುಡಿಯಲು ನೀರು, ಉಗುಳಲು ಒಂದು ಪಾತ್ರೆ ಇರಬೇಕು. ಉಗುಳುವುದು ಅಸಭ್ಯವೆಂದು ನಾಚಬೇಡಿ, ರುಚಿ ನೋಡುವುದೇ ಕಸುಬಾದವರು ಮಾಡುವುದು ಅದನ್ನೇ.

ಆ ಹಜಾರದಲ್ಲಿ ಕೊಟ್ಟದ್ದು ಪ್ಲಾಸ್ಟಿಕ್ ಲೋಟದಲ್ಲಿ, ಮೊದಲು ಸಿಹಿ ಪೋರ್ಟ್ ಬಗೆಯದು. ಸಿಹಿ ಮೊದಲು ಕೊಡುವುದರಲ್ಲಿ ಒಂದು ಲೆಕ್ಕಾಚಾರವಿದೆ. ನಾಲಿಗೆಗೆ ಸಕ್ಕರೆ ಅಂಟಿದ ಮೇಲೆ ಮುಂದಿನ ವೈನ್ ಕೆಟ್ಟಿದೆಯೋ ಇಲ್ಲವೋ ತಿಳಿಯುವುದಿಲ್ಲ. ಉಳಿದ ಬಾಟಲಿಗಳೆಲ್ಲ ಮೊದಲೇ ಬಿಚ್ಚಿದ್ದವು. ಬಿಚ್ಚಿದ ವೈನ್ ಫ್ರಿಜ್ಜಿನಲ್ಲಿಟ್ಟರೂ ಮೂರ್ನಾಲ್ಕು ದಿನದ ಮಾಲು, ಆಮೇಲೆ ಗಾಳಿಯ ಸಂಗಕ್ಕೆ ಕೆಡುತ್ತದೆ. ಬಿಳಿ ವೈನ್ ಚಹಾದ ಬಣ್ಣಕ್ಕೆ ತಿರುಗಿದ್ದರೆ, ವಿನೆಗರ್ ಅಥವಾ ಉಗುರು ಬಣ್ಣದ ವಾಸನೆ ಬಂದರೆ ಮುಟ್ಟಬೇಡಿ. ಒದ್ದೆ ರಟ್ಟಿನ ಮುಗ್ಗಲು ವಾಸನೆ ಬಂದರೆ ಅದು ಬಿರಡೆಯ ದೋಷ. ಹೊಟ್ಟೆಗೆ ತೊಂದರೆಯಿಲ್ಲ, ಆದರೆ ಬೇರೆ ಬಾಟಲಿ ಕೇಳುವುದು ನಿಮ್ಮ ಹಕ್ಕು. ತಿರುಪಿನ ಮುಚ್ಚಳ ಕಂಡು ಕೀಳು ಮಾಲೆಂದು ಭಾವಿಸಬೇಡಿ, ಒಳ್ಳೆಯ ಬಿಳಿ ವೈನುಗಳಿಗೂ ಅದೇ ಇರುತ್ತದೆ. ಬಾಟಲಿಯನ್ನು ನಿಮ್ಮೆದುರೇ ಬಿಚ್ಚಿಸಿ, ಚೀಟಿ ಓದಿ. ತಯಾರಿಸಿ ತುಂಬಿದವರ ಹೆಸರು ವಿಳಾಸ, ಆಲ್ಕೋಹಾಲಿನ ಶೇಕಡಾ ಪ್ರಮಾಣ, ಆಹಾರ ಸುರಕ್ಷತಾ ಪ್ರಾಧಿಕಾರದ ಪರವಾನಗಿ ಸಂಖ್ಯೆ, ಮದ್ಯಪಾನದ ಎಚ್ಚರಿಕೆ ಇರಲೇಬೇಕು. ತೋಟದ ವೈನೆಂದು ಹೇಳಿ ಚೀಟಿಯಲ್ಲಿ ಬೇರೆ ಜಿಲ್ಲೆಯ ವಿಳಾಸವಿದ್ದರೆ ಮುಂದೆ ಕೇಳುವುದೇನೂ ಉಳಿದಿಲ್ಲ.

ಟೇಸ್ಟಿಂಗ್ ಮುಗಿದೊಡನೆ ಬಾಟಲಿ ಕೊಳ್ಳುವ ಒತ್ತಾಯ ಶುರುವಾಗುತ್ತದೆ. ಇಂಥವರ ಲಾಭ ಇರುವುದೇ ಅಲ್ಲಿ. ಎಂ.ಆರ್.ಪಿ. ನೋಡಿ, ಬಿಲ್ ಇಲ್ಲದೆ ಕೊಳ್ಳಬೇಡಿ. ಕೊಂಡದ್ದನ್ನು ಡಿಕ್ಕಿಯಲ್ಲಿಟ್ಟು ಮೂರು ಗಂಟೆ ಬಿಸಿಲಲ್ಲಿ ಗಾಡಿ ನಿಲ್ಲಿಸಿದರೆ ವೈನ್ ಬೆಂದಂತೆ. ಬಿರಡೆ ಮೇಲೆದ್ದಿರುವುದು, ಕತ್ತಿನ ಸುತ್ತ ಅಂಟು ಜಿನುಗಿರುವುದು ಅದರ ಗುರುತು. ಅಂಗಡಿಯಲ್ಲೇ ಹೀಗಿದ್ದರೆ ಆ ಬಾಟಲಿ ಮೊದಲೇ ಬೆಂದಿದೆ. ರಾಯಚೂರಿನಿಂದ ಮಂತ್ರಾಲಯಕ್ಕೆ ಜೋಡಿಸಿದ ಪ್ಯಾಕೇಜಾದರೆ ಬಾಟಲಿ ಕೊಳ್ಳಲೇಬೇಡಿ. ತುಂಗಭದ್ರೆ ದಾಟಿದರೆ ಆಂಧ್ರ, ಅಬಕಾರಿ ಕಾನೂನು ಬೇರೆ.

ಚಾಲಕನ ಮೇಲೆ ಕಣ್ಣಿರಲಿ. ಆ ದಿನ ಆತನಿಗೂ "ಸ್ವಲ್ಪ ರುಚಿ ನೋಡಣ್ಣ" ಎಂದು ಕೊಟ್ಟರು. ಐದು ಬಗೆ, 30 ಮಿ.ಲೀ.ನಂತೆ ಕುಡಿದರೆ 150 ಮಿ.ಲೀ. ಶೇ 13ರ ವೈನಾದರೆ ಅದರಲ್ಲಿ ಸುಮಾರು 15 ಗ್ರಾಂ ಆಲ್ಕೋಹಾಲ್. 60 ಕೆ.ಜಿ. ತೂಕದವರು ಇಷ್ಟಕ್ಕೇ ಕಾನೂನಿನ ಮಿತಿ ದಾಟಬಹುದು, ಏಕೆಂದರೆ ಮಿತಿ ಇರುವುದು 100 ಮಿ.ಲೀ. ರಕ್ತಕ್ಕೆ 30 ಮಿಲಿಗ್ರಾಂ. ಮೊದಲ ಸಲ ಸಿಕ್ಕಿಬಿದ್ದರೆ 10,000 ರೂಪಾಯಿ ದಂಡ, ಆರು ತಿಂಗಳವರೆಗೆ ಜೈಲು, ಇಲ್ಲವೇ ಎರಡೂ. ಚಾಲಕ ಒಂದು ಗುಟುಕು ಕುಡಿದರೂ ಬೇರೆ ಚಾಲಕನನ್ನು ಕರೆಸಲು ಹೇಳಿ, ಅಲ್ಲಿಯವರೆಗೆ ಗಾಡಿ ಹತ್ತಬೇಡಿ. ಹತ್ತುವ ಮೊದಲೇ ನಂಬರ್ ಪ್ಲೇಟ್ ನೋಡಿ, ಹಳದಿ ಬೋರ್ಡ್ ಇರಬೇಕು. ಬಿಳಿ ಬೋರ್ಡಿನ ಗಾಡಿಯನ್ನು ಬಾಡಿಗೆಗೆ ಓಡಿಸುವಂತಿಲ್ಲ, ಅಪಘಾತವಾದರೆ ವಿಮೆಯವರು ತಕರಾರು ತೆಗೆಯುತ್ತಾರೆ. ಹಾಗೆಯೇ 21 ತುಂಬದ ಮಕ್ಕಳು ಜೊತೆಗಿದ್ದರೆ ಅವರ ಹೆಸರಲ್ಲೂ ಟೇಸ್ಟಿಂಗಿನ ಹಣ ಹಿಡಿದಿದ್ದಾರೆಯೇ ನೋಡಿ. ಅವರಿಗೆ ವೈನ್ ಕೊಡುವಂತಿಲ್ಲ, ಆದರೂ ಪೂರ್ತಿ ದರ ವಸೂಲು ಮಾಡುತ್ತಾರೆ. ಅಕ್ಟೋಬರ್ 2ರಂದು, ಚುನಾವಣೆಯ ಮತದಾನ ಮುಗಿಯುವ ಮುಂಚಿನ 48 ಗಂಟೆಯಲ್ಲಿ ಮದ್ಯ ಮಾರಾಟವೇ ಇಲ್ಲ.

ಮುಂಗಡ ಕಳಿಸುವ ಮೊದಲು ಬರಹದಲ್ಲೇ ಕೇಳಿ: ಯಾವ ತೋಟ, ಎಷ್ಟು ಗಂಟೆಗೆ, ಎಷ್ಟು ಬಗೆ, ಎಷ್ಟು ಮಿ.ಲೀ.? ತೋಟದ ಹೆಸರು ಹೇಳಿದರೆ ನೀವೇ ಅಲ್ಲಿಗೆ ಫೋನ್ ಮಾಡಿ, ಆ ದಿನಕ್ಕೆ ನಿಮ್ಮ ಗುಂಪಿನ ಹೆಸರಿದೆಯೇ ವಿಚಾರಿಸಿ. ತೋಟಗಳು ಅಂಗಡಿಯಂತೆ ಬಾಗಿಲು ತೆರೆದು ಕೂರುವುದಿಲ್ಲ, ಮುಂಚೆ ಗೊತ್ತು ಮಾಡದೆ ಹೋದರೆ ಗೇಟಿನಿಂದಲೇ ಮರಳಬೇಕಾದೀತು. "ಹೆಸರು ಅಲ್ಲಿಗೆ ಹೋದಮೇಲೆ ಹೇಳುತ್ತೇವೆ" ಎಂದರೆ ತೋಟವಿಲ್ಲ. ಮೋಸ ಹೋದ ಮೇಲೂ ಸುಮ್ಮನಿರಬೇಡಿ. ಪೋಸ್ಟರ್, ಚಾಟ್, ಯುಪಿಐ ರಸೀದಿ, ಗಾಡಿ ನಂಬರಿನ ಫೋಟೊ ಅಳಿಸದೆ ಇಟ್ಟುಕೊಳ್ಳಿ. ರಾಷ್ಟ್ರೀಯ ಗ್ರಾಹಕ ಸಹಾಯವಾಣಿ 1915ಕ್ಕೆ ಮೊದಲು ದೂರು ಕೊಡಿ, ಬಗೆಹರಿಯದಿದ್ದರೆ ಜಿಲ್ಲಾ ಗ್ರಾಹಕ ಆಯೋಗಕ್ಕೆ. ಎರಡು ವರ್ಷದೊಳಗೆ ದೂರು ಹಾಕಬೇಕು. ನೀವು ವಾಸವಿರುವ ಜಿಲ್ಲೆಯಲ್ಲೇ ಹಾಕಬಹುದು, ಕೊಟ್ಟ ಹಣ 5 ಲಕ್ಷದೊಳಗಿದ್ದರೆ ಶುಲ್ಕವಿಲ್ಲ.

ಮೂರೂ ಬೇಕೇ ಬೇಕು ಅನ್ನುವವರು ಎರಡು ದಿನ ಮಾಡಿ. ಮೊದಲ ದಿನ ಬೆಳಗ್ಗೆ ಬಳ್ಳಾರಿ ಗುಡ್ಡ ಮತ್ತು ಕಂಟೋನ್ಮೆಂಟ್, ಮಧ್ಯಾಹ್ನದ ಮೇಲೆ ಹಂಪಿ, ಸಂಜೆ ವಿರೂಪಾಕ್ಷನ ದರ್ಶನ. ರಾತ್ರಿ ಆನೆಗೊಂದಿ ಅಥವಾ ಗಂಗಾವತಿಯಲ್ಲಿ ತಂಗಿ. ಎರಡನೆಯ ದಿನ ನಸುಕಿಗೆ ಅಂಜನಾದ್ರಿ, ಇಳಿದು ಬಂದು ಒಗ್ಗರಣೆ ಮಿರ್ಚಿ ತಿಂದು ಹೊರಟರೆ ದಾರಿಯಲ್ಲಿ ಕನಕಗಿರಿಯ ಕನಕಾಚಲಪತಿ, ಹೊಟ್ಟೆ ತುಂಬ ಊಟ, ಮೂರು ಗಂಟೆಗೆ ತೋಟ. ಐದಕ್ಕೆ ಅಲ್ಲಿಂದ ಎದ್ದರೆ ಕುಷ್ಟಗಿ, ಹೊಸಪೇಟೆ ಹೆದ್ದಾರಿ ಹಿಡಿದು ರಾತ್ರಿ ಒಂಬತ್ತರೊಳಗೆ ಬಳ್ಳಾರಿ.