ಮಧ್ಯ ಟೆಕ್ಸಾಸ್‌ನ ತೋಟಕ್ಕೆ ಮೂರು ಹಳದಿ ಡೈಸಿಗಳು

ಬೇಸಿಗೆ ಬಂತೆಂದರೆ ತೋಟಕ್ಕೆ ನೀರು ಬಿಡಲು ವಾರಕ್ಕಿಷ್ಟೇ ದಿನವೆಂದು ನಿರ್ಬಂಧ ಹಾಕುವುದು ಮಧ್ಯ ಟೆಕ್ಸಾಸ್‌ನ ಎಷ್ಟೋ ಊರುಗಳಲ್ಲಿ ಮಾಮೂಲು. ಹುಲ್ಲುಹಾಸನ್ನು ಕಿತ್ತು, ಈ ನೆಲದಲ್ಲೇ ಹುಟ್ಟಿದ ಹೂಗಿಡಗಳನ್ನು ನೆಡಬೇಕೆನ್ನುವವರಿಗೆ ಸಿಗುವ ಹಳದಿ ಡೈಸಿಗಳಲ್ಲಿ ಎಂಗಲ್‌ಮನ್ ಡೈಸಿ, ಫೋರ್-ನರ್ವ್ ಡೈಸಿ ಮತ್ತು ಚಾಕೊಲೇಟ್ ಡೈಸಿ ಎಂಬ ಮೂರನ್ನು ನಾನು ಒಂದೇ ಹಿತ್ತಲಿನಲ್ಲಿ, ಒಂದು ಕಡೆ ಕಪ್ಪು ಜೇಡಿಮಣ್ಣಿನ ಪಾತಿಯಲ್ಲೂ ಇನ್ನೊಂದು ಕಡೆ ಸುಣ್ಣಕಲ್ಲಿನ ಜಲ್ಲಿ ಬೆರೆಸಿ ಎತ್ತರಿಸಿದ ಮಡಿಯಲ್ಲೂ ಬೆಳೆಸಿ ನೋಡಿದ್ದೇನೆ. ಬಿಸಿಲನ್ನೂ ಬರವನ್ನೂ ತಾಳುವುದರಲ್ಲಿ ಮೂರೂ ಗಟ್ಟಿ. ಅವುಗಳ ನಡುವಿನ ನಿಜವಾದ ಅಂತರ ತಿಳಿಯುವುದು ಜೋರು ಮಳೆ ಸುರಿದ ಮೇಲೆ, ಬೇರಿನ ಸುತ್ತ ನೀರು ನಿಂತಾಗ.

ಈ ಸೀಮೆಯಲ್ಲಿ ಮಣ್ಣಿನ ಮಾತು ಬಿಟ್ಟು ಗಿಡದ ಮಾತಾಡುವಂತಿಲ್ಲ. ಬಾಲ್ಕೋನೆಸ್ ಎಂಬ ದಿಣ್ಣೆಸಾಲಿನ ಪೂರ್ವಕ್ಕೆ ನಮ್ಮ ಉತ್ತರ ಕರ್ನಾಟಕದ ಎರೆಭೂಮಿಯಂಥದೇ ಮಣ್ಣಿದೆ: ಒಣಗಿದರೆ ಕೈ ತೂರುವಷ್ಟು ಬಿರುಕು ಬಿಡುತ್ತದೆ, ನೆನೆದರೆ ಉಬ್ಬಿ ಅಂಟಾಗಿ ನೀರನ್ನು ಹಿಡಿದು ಕೂರುತ್ತದೆ. ಪಶ್ಚಿಮಕ್ಕೆ ಸುಣ್ಣಕಲ್ಲಿನ ಮೇಲೆ ತೆಳುವಾಗಿ ಹರಡಿದ, ನೀರು ನಿಲ್ಲದ ಮಣ್ಣು.

ಎರೆಮಣ್ಣಿನಲ್ಲಿ ನಿಸ್ಸಂದೇಹವಾಗಿ ಗೆದ್ದದ್ದು ಎಂಗಲ್‌ಮನ್ ಡೈಸಿ. ಸೇಂಟ್ ಲೂಯಿಸ್‌ನಲ್ಲಿ ವೈದ್ಯರಾಗಿದ್ದ ಸಸ್ಯವಿಜ್ಞಾನಿ ಜಾರ್ಜ್ ಎಂಗಲ್‌ಮನ್ (1809–1884) ಅವರ ಹೆಸರನ್ನು ಹೊತ್ತ ಈ ಗಿಡ, ಚಳಿಗಾಲವಿಡೀ ನೆಲಕ್ಕಂಟಿದ ಎಲೆಗಳ ಚಕ್ರವಾಗಿ ಸುಮ್ಮನಿದ್ದು, ವಸಂತದಲ್ಲಿ ಎರಡು ಮೂರು ಅಡಿ ಎತ್ತರಕ್ಕೆ ಎದ್ದು ಕವಲೊಡೆದು ಹೂ ಬಿಡುತ್ತದೆ. ಆಳವಾಗಿ ಸೀಳಿದ ಎಲೆಗಳ ಮೇಲೆಲ್ಲ ಒರಟು ರೋಮವಿದ್ದು, ಮುಟ್ಟಿದರೆ ಕೈಗೆ ತರಿತರಿಯಾಗಿ ತಾಗುತ್ತದೆ. ಬಿಸಿಲು ಏರಿದಂತೆ ಇದರ ಎಸಳುಗಳು ತುದಿಯಿಂದ ಕೆಳಮುಖವಾಗಿ ಸುರುಳಿ ಸುತ್ತಿಕೊಳ್ಳುವುದನ್ನು ಕಂಡು ಗಿಡ ಬಾಡಿತೆಂದು ನೀರು ಹೊಯ್ಯಲು ಓಡುವ ಅಗತ್ಯವಿಲ್ಲ. ಹೊತ್ತು ಇಳಿದ ಮೇಲೆ ಅವು ತಾವಾಗಿಯೇ ಬಿಚ್ಚಿಕೊಳ್ಳುತ್ತವೆ. ಇದರ ತಾಯಿಬೇರು ದಪ್ಪವಾಗಿ ಆಳಕ್ಕಿಳಿಯುವುದರಿಂದ ಬಿರುಕುಬಿಟ್ಟ ಪಾತಿಯಲ್ಲೂ ಗಿಡ ಕಂಗೆಡುವುದಿಲ್ಲ, ಆದರೆ ಅದೇ ಕಾರಣಕ್ಕೆ ಬಲಿತ ಗಿಡವನ್ನು ಕಿತ್ತು ಬೇರೆಡೆ ನೆಡುವುದು ಹೆಚ್ಚು ಕಡಿಮೆ ವ್ಯರ್ಥ ಪ್ರಯತ್ನ. ದನಕರುಗಳಿಗೆ ಇದು ಎಷ್ಟು ಪ್ರಿಯವೆಂದರೆ, ಅತಿಯಾಗಿ ಮೇಯಿಸಿದ ಹುಲ್ಲುಗಾವಲುಗಳಿಂದ ಮರೆಯಾಗಿ ರಸ್ತೆ ಬದಿಯಲ್ಲಿ ಮಾತ್ರ ಉಳಿದುಕೊಳ್ಳುತ್ತದೆ. ಕೊರತೆಯೊಂದಿದೆ: ಬೇಸಿಗೆಯ ನಡುವಿಗೆ ಹೂ ಮುಗಿದು ಗಿಡ ಕೆದರಿದಂತಾಗುತ್ತದೆ. ಆದ್ದರಿಂದ ಮನೆಬಾಗಿಲ ಮುಂದಿನ ಸಣ್ಣ ಪಾತಿಗೆ ಇದನ್ನು ನಾನು ಹೇಳುವುದಿಲ್ಲ.

ಆ ಜಾಗಕ್ಕೆ ಹೇಳಿ ಮಾಡಿಸಿದ್ದು ಫೋರ್-ನರ್ವ್ ಡೈಸಿ. ಒಂದಡಿ ಮೀರದ ಈ ಪುಟ್ಟ ಗಿಡದಲ್ಲಿ ಕಿರಿದಾದ ಎಲೆಗಳೆಲ್ಲ ಬುಡದಲ್ಲೇ ಗುಂಪುಗೂಡಿರುತ್ತವೆ. ಎಲೆಯಿಲ್ಲದ ನೆಟ್ಟನೆಯ ದೇಟಿನ ತುದಿಯಲ್ಲಿ ಒಂದೊಂದೇ ಹೂ. ಎಸಳಿನ ಉದ್ದಕ್ಕೂ ಕಾಣುವ ನಾಲ್ಕು ಕಡುಗೆರೆಗಳೇ ಇದರ ಗುರುತು. ವಸಂತದಲ್ಲಿ ಹೂವು ಹೆಚ್ಚು, ಆದರೆ ಚಳಿ ಹದವಾಗಿರುವ ವರ್ಷ ಯಾವ ತಿಂಗಳಲ್ಲಿ ನೋಡಿದರೂ ಒಂದೆರಡಾದರೂ ಇರುತ್ತವೆ. ಎಲೆ ಕಹಿಯಾದ್ದರಿಂದ ಜಿಂಕೆಗಳು ಸಾಮಾನ್ಯವಾಗಿ ಇದರ ತಂಟೆಗೆ ಬರುವುದಿಲ್ಲ, ಮತ್ತು ಈ ಸೀಮೆಯಲ್ಲಿ ಅದು ಸಣ್ಣ ಗುಣವೇನಲ್ಲ. ಜಲ್ಲಿಯ ಮಡಿಯಲ್ಲಿ ನನ್ನ ಗಿಡಗಳು ಏನೂ ಆರೈಕೆಯಿಲ್ಲದೆ ಬೆಳೆದವು. ಎರೆಮಣ್ಣಿನಲ್ಲಿ ನೆಟ್ಟವು ಮಳೆ ಹಿಡಿದ ವಸಂತದಲ್ಲಿ ಬುಡದಿಂದ ಕೊಳೆತು, ಎಳೆದರೆ ಬೇರಿಲ್ಲದೆ ಕೈಗೆ ಬಂದವು.

ಚಾಕೊಲೇಟ್ ಡೈಸಿಯ ಆಕರ್ಷಣೆ ಅದರ ವಾಸನೆ. ಬೆಳಗಿನ ಹೊತ್ತು ಹತ್ತಿರ ಬಗ್ಗಿದರೆ ಕೋಕೋ ಪುಡಿಯ ಡಬ್ಬಿ ತೆರೆದಂತಿರುತ್ತದೆ, ಇದರಲ್ಲಿ ಉತ್ಪ್ರೇಕ್ಷೆಯಿಲ್ಲ. ಆದರೆ ಬಿಸಿಲು ಬಲಿತ ಮೇಲೆ ಎಸಳುಗಳು ಜೋತುಬೀಳುತ್ತವೆ, ವಾಸನೆಯೂ ಕರಗುತ್ತದೆ. ಕೆಲಸ ಮುಗಿಸಿ ಸಂಜೆಯಷ್ಟೇ ತೋಟಕ್ಕೆ ಇಳಿಯುವವರಿಗೆ ಇದರಿಂದ ಹೆಚ್ಚಿನ ಪ್ರಯೋಜನವಿಲ್ಲ. ಟೆಕ್ಸಾಸ್‌ನಲ್ಲಿ ಇದರ ಸಹಜ ನೆಲೆ ಪಶ್ಚಿಮದ ಒಣಪ್ರದೇಶ. ಹಾಗಾಗಿ ಗೊಬ್ಬರ, ನೀರು ಎರಡೂ ಹೆಚ್ಚಾದರೆ ಕಾಂಡಗಳು ಸಡಿಲವಾಗಿ ನೆಲಕ್ಕೆ ಒರಗುತ್ತವೆ. ಜಲ್ಲಿಯಲ್ಲಿ ಬೆಳೆದದ್ದು ಮಾತ್ರ ಗಿಡ್ಡವಾಗಿ, ಬಿಗಿಯಾಗಿ ನಿಂತಿತು. ಎಸಳು ಉದುರಿದ ಮೇಲೆ ಉಳಿಯುವ ತಟ್ಟೆಯಾಕಾರದ ಹಸಿರು ಪುಷ್ಪಪಾತ್ರೆಗೂ ಒಂದು ಅಂದವಿದೆ, ಅದರೊಳಗಿನ ಬೀಜಕ್ಕೆ ಫಿಂಚ್ ಹಕ್ಕಿಗಳು ಬರುತ್ತವೆ.

ತಾಯಿಬೇರಿನ ಗಿಡಗಳಾದ ಎಂಗಲ್‌ಮನ್ ಮತ್ತು ಚಾಕೊಲೇಟ್ ಡೈಸಿಗಳನ್ನು ಎಳೆಯ ಸಸಿಯಾಗಿಯೇ ನೆಡುವುದು ಮೇಲು; ಎಂಗಲ್‌ಮನ್ ಬೀಜವನ್ನಂತೂ ಶರತ್ಕಾಲದಲ್ಲಿ ಬೆಳೆಯಬೇಕಾದ ಜಾಗದಲ್ಲೇ ಬಿತ್ತಬಹುದು. ಫೋರ್-ನರ್ವ್ ಡೈಸಿಯನ್ನು ಕುಂಡದಿಂದ ತಂದು ನೆಡುವುದರಲ್ಲಿ ತೊಂದರೆಯಿಲ್ಲ, ಬುಡದ ಸುತ್ತ ಮರದ ತೊಗಟೆಯ ಹೊದಿಕೆಯ ಬದಲು ಸಣ್ಣ ಜಲ್ಲಿ ಹಾಕಿದರಾಯಿತು. ಬೇರು ಊರುವವರೆಗೆ, ಅಂದರೆ ಮೊದಲ ಬೇಸಿಗೆ ಕಳೆಯುವ ತನಕ, ಮೂರಕ್ಕೂ ಆಗಾಗ ನೀರು ಬೇಕು.