ಗೆದ್ದ ಕೇಸು, ಬೀಗ ಬಿದ್ದ ಗೇಟು: ಅಮಲ್ಜಾರಿ ಮಾಡಿಸಿಕೊಟ್ಟ ವಕೀಲರ ಕಚೇರಿ ಬಗ್ಗೆ

ನಾಲ್ಕು ಸ್ಟಾರ್. ಐದನೆಯದು ಫೋನ್ ಎತ್ತದ ಕಾರಣಕ್ಕೆ ಹೋಯಿತು. ಕೆಲಸದಲ್ಲಿ ಕೊರತೆಯಿಲ್ಲ.

ನಮ್ಮ ತೋಟಕ್ಕೆ ಪಕ್ಕದವರ ಜಮೀನಿನ ಅಂಚಿನಲ್ಲಿ ಬಂಡಿ ದಾರಿ. ಮಾವನವರ ಕಾಲದಿಂದ ಓಡಾಡಿದ್ದು. 1882ರ ಈಸ್‌ಮೆಂಟ್ ಕಾಯ್ದೆ ಪ್ರಕಾರ 20 ವರ್ಷ ಎಲ್ಲರ ಕಣ್ಣೆದುರಿಗೆ, ತಡೆಯಿಲ್ಲದೆ, ನಮ್ಮ ಹಕ್ಕು ಅಂತಲೇ ಬಳಸಿದ ದಾರಿ ಹಕ್ಕಾಗುತ್ತದೆ. ದಾವಾ ಹಾಕಿದೆವು, ಗೆದ್ದೆವು, ಅಪೀಲಿನಲ್ಲೂ ಉಳಿಯಿತು. ದಾರಿಗೆ ಅಡ್ಡಿ ಮಾಡಬಾರದು ಅಂತ ಶಾಶ್ವತ ನಿರ್ಬಂಧಕಾಜ್ಞೆ. ಆಮೇಲೆ ಪಕ್ಕದವರು ಕಬ್ಬಿಣದ ಗೇಟು ನಿಲ್ಲಿಸಿ ಬೀಗ ಜಡಿದರು. ಪೊಲೀಸರ ಹತ್ತಿರ ಹೋದರೆ ‘ಸಿವಿಲ್ ಮ್ಯಾಟರ್ ಅಮ್ಮ, ಕೋರ್ಟಿಗೇ ಹೋಗಿ’ ಅಂದರು. ಡಿಕ್ರಿ, ಅಂದರೆ ಕೋರ್ಟಿನ ಅಂತಿಮ ಆದೇಶ, ಬಂತು ಅಂದರೆ ದಾರಿ ಬಂತು ಅಂದುಕೊಳ್ಳುವವರು ಜಾಸ್ತಿ. ಡಿಕ್ರಿ ಜಾರಿಯಾಗಬೇಕಾದರೆ ಬೇರೆ ಅರ್ಜಿ ಹಾಕಬೇಕು, ಅದೇ ಅಮಲ್ಜಾರಿ ಅರ್ಜಿ. ಅದನ್ನೇ ಹೆಚ್ಚಾಗಿ ಮಾಡುವ ಕಚೇರಿ ಇದು.

ಮೊದಲ ದಿನ ವಕೀಲರು ನನ್ನ ಕಥೆ ಕೇಳಲೇ ಇಲ್ಲ. ಸ್ವಲ್ಪ ಬೇಜಾರೇ ಆಯಿತು. ಡಿಕ್ರಿಯ ಸರ್ಟಿಫೈಡ್ ಕಾಪಿ ಕೇಳಿ ಇಸಿದುಕೊಂಡು, ಪೆನ್ಸಿಲ್ ಹಿಡಿದು, ಕೊನೆಯ ಆದೇಶದ ಭಾಗವನ್ನು ಮಾತ್ರ ಓದಿದರು. ಆಮೇಲೆ ಷೆಡ್ಯೂಲು, ಅಂದರೆ ಡಿಕ್ರಿಯಲ್ಲಿ ಜಾಗದ ವಿವರ ಬರೆದ ಭಾಗ. ಚಕ್ಕುಬಂದಿಯ ನಾಲ್ಕೂ ದಿಕ್ಕನ್ನು ಕೋರ್ಟ್ ನೇಮಿಸಿದ ಕಮಿಷನರ್ ಹಾಕಿಕೊಟ್ಟ ನಕ್ಷೆಗೆ ತಾಳೆ ನೋಡಿ ಟಿಕ್ ಹಾಕಿದರು. ‘12 ಅಡಿ ಅಂತ ಅಗಲ ಬರೆದಿದೆ. ಬಚಾವಾದಿರಿ’ ಅಂದರು. ಬರೀ ‘ದಾರಿ’ ಅಂತ ಬರೆದಿದ್ದರೆ ಎದುರಿನವರು ಆರಡಿ ಬಿಟ್ಟು ‘ಇದೇ ದಾರಿ’ ಅನ್ನಬಹುದಿತ್ತಂತೆ. ಅಮಲ್ಜಾರಿ ಕೋರ್ಟು ಡಿಕ್ರಿಯಲ್ಲಿ ಇಲ್ಲದ್ದನ್ನು ಸೇರಿಸುವ ಹಾಗಿಲ್ಲ. ದಾವಾ ನಡೆಯುತ್ತಿರುವವರು ಯಾರಾದರೂ ಇದನ್ನು ಓದುತ್ತಿದ್ದರೆ, ದಯವಿಟ್ಟು ನಿಮ್ಮ ಷೆಡ್ಯೂಲಿನಲ್ಲಿ ಅಳತೆ ಇದೆಯಾ ಅಂತ ಇವತ್ತೇ ನೋಡಿ.

ಪಕ್ಕದವರನ್ನು ಒಂದು ದಿನವಾದರೂ ಒಳಗೆ ಕೂರಿಸಬೇಕು ಅನ್ನೋದು ನನ್ನ ಹಟ. ಸಿವಿಲ್ ಪ್ರೊಸೀಜರ್ ಕೋಡ್, ಆರ್ಡರ್ 21, ರೂಲ್ 32ರಲ್ಲಿ ಅದಕ್ಕೆ ಅವಕಾಶವಿದೆ. ಸಿವಿಲ್ ಜೈಲು, ಇಲ್ಲವೇ ಆಸ್ತಿ ಜಪ್ತಿ, ಇಲ್ಲವೇ ಎರಡೂ. ಜಪ್ತಿ 6 ತಿಂಗಳು ನಿಂತ ಮೇಲೂ ಮಾತು ಕೇಳದಿದ್ದರೆ ನಾವು ಅರ್ಜಿ ಕೊಟ್ಟು ಹರಾಜು ಕೇಳಬಹುದು. ವಕೀಲರು ಕೇಳಿದ್ದು ಇಷ್ಟೇ: ‘ಮೇಡಂ, ನಿಮಗೆ ಅವರು ಜೈಲಿಗೆ ಹೋಗಬೇಕಾ, ಟ್ರ್ಯಾಕ್ಟರ್ ಒಳಗೆ ಹೋಗಬೇಕಾ?’ ಜೈಲಿಗಾದರೆ ಆದೇಶ ಪಾಲಿಸಲು ಅವಕಾಶವಿದ್ದೂ ಬೇಕಂತಲೇ ಪಾಲಿಸಲಿಲ್ಲ ಅಂತ ಸಾಬೀತು ಮಾಡಬೇಕು. ಅದಕ್ಕೆ ಸಾಕ್ಷಿ, ವಿಚಾರಣೆ, ತಾರೀಕಿನ ಮೇಲೆ ತಾರೀಕು. ಅದನ್ನೂ ಅರ್ಜಿಯಲ್ಲಿ ಬರೆದರು. ಆದರೆ ಒತ್ತು ಕೊಟ್ಟದ್ದು ಅದೇ ರೂಲಿನ 5ನೇ ಉಪನಿಯಮಕ್ಕೆ. ಕೋರ್ಟೇ ಅಡ್ಡಿ ತೆಗೆಸಬಹುದು, ಖರ್ಚು ಎದುರಿನವರ ತಲೆ ಮೇಲೆ. ‘ಮಾಡಬಾರದು’ ಅಂತ ಮಾತ್ರ ಇರುವ ಡಿಕ್ರಿಗೂ ಇದು ಅನ್ವಯಿಸುತ್ತದೆ ಅಂತ 2002ರ ತಿದ್ದುಪಡಿಯಲ್ಲಿ ವಿವರಣೆ ಸೇರಿಸಿದ್ದಾರೆ. ಎದುರಿನ ವಕೀಲರು ‘ಗೇಟು ತೆಗೀರಿ ಅಂತ ಡಿಕ್ರಿಯಲ್ಲಿ ಎಲ್ಲಿದೆ?’ ಅಂತ ಎದ್ದಾಗ ನಮ್ಮವರು ಆ ವಿವರಣೆ ಓದಿ ಕೂತರು. ಸುಮ್ನೆ ಭಾಷಣ ಮಾಡಲಿಲ್ಲ.

ಗೇಟು ತೆಗೆಸುವ ಆದೇಶದ ಜೊತೆಗೇ ಪೊಲೀಸ್ ಸಹಾಯವನ್ನೂ ಕೇಳಿ ಪಡೆದಿದ್ದರು. ಹಾಗಾಗಿ ಆದೇಶ ಜಾರಿ ಮಾಡುವ ಕೋರ್ಟ್ ಅಮೀನರು ಬಂದ ದಿನ ಸಿವಿಲ್ ಮ್ಯಾಟರ್ ಅಂದಿದ್ದ ಠಾಣೆಯವರೇ ಜೊತೆಗಿದ್ದರು! ಅಮೀನರು ವಾರಂಟ್ ಗಟ್ಟಿಯಾಗಿ ಓದಿದರು, ಬೀಗ ತೆಗೆಯಲು ಸಮಯ ಕೊಟ್ಟರು. ಯಾರೂ ಬರಲಿಲ್ಲ. ಗೇಟಿನ ಕಂಬಗಳನ್ನು ಬುಡಸಮೇತ ಕೀಳಿಸಿದರು. ಕಚೇರಿಯ ಜೂನಿಯರ್ ಹುಡುಗಿ ಟೇಪಿನ ಒಂದು ತುದಿ ಹಿಡಿದು ಮೂರು ಕಡೆ 12 ಅಡಿ ಅಳೆಸಿದಳು, ಪ್ರತಿ ಅಳತೆಯೂ ಮಹಜರಿನಲ್ಲಿ ಬರುವ ಹಾಗೆ ನೋಡಿಕೊಂಡಳು, ಆಮೇಲೇ ನನ್ನ ಸಹಿ ಹಾಕಿಸಿದಳು. ನಾಳೆ ಮತ್ತೆ ಕಲ್ಲು ಹಾಕಿದರೆ ಈ ಕಾಗದವೇ ಸಾಕ್ಷಿ ಅಲ್ವಾ?

ಇನ್ನು ದೂರು. ಫೋನ್ ಎತ್ತುವುದಿಲ್ಲ, ವಾಪಸ್ಸೂ ಮಾಡುವುದಿಲ್ಲ. ಮುಂದಿನ ತಾರೀಕನ್ನು ನಾನೇ ಇ-ಕೋರ್ಟ್ಸ್ ಆ್ಯಪಿನಲ್ಲಿ ಸಿಎನ್‌ಆರ್ ನಂಬರ್ (ಪ್ರತಿ ಕೇಸಿಗೂ ಇರುವ ಗುರುತಿನ ಸಂಖ್ಯೆ) ಹಾಕಿ ನೋಡಿಕೊಳ್ಳುತ್ತಿದ್ದೆ. ಅರ್ಜಿಯೆಲ್ಲ ಇಂಗ್ಲಿಷಿನಲ್ಲಿ, ಕನ್ನಡದಲ್ಲಿ ವಿವರಿಸಿ ಅಂದರೆ ‘ಆಮೇಲೆ ಹೇಳ್ತೀನಿ’. ಆ ಆಮೇಲೆ ಇನ್ನೂ ಬಂದಿಲ್ಲ. ಅಮಲ್ಜಾರಿ ಅರ್ಜಿ 6 ತಿಂಗಳಲ್ಲಿ ಮುಗಿಯಬೇಕು ಅಂತ ಸುಪ್ರೀಂ ಕೋರ್ಟ್ 2021ರಲ್ಲಿ ಹೇಳಿದೆ. ನಮ್ಮದು ಅಷ್ಟರಲ್ಲಿ ಮುಗಿಯಲಿಲ್ಲ, ಆದರೆ ತಡ ಇವರಿಂದ ಆದದ್ದಲ್ಲ. ಒಂದು ತಾರೀಕಿಗೂ ಇವರ ಕಡೆಯಿಂದ ಸಮಯ ಕೇಳಲಿಲ್ಲ.

ಹೋಗುವವರು ಸಂಜೆ ಹೋಗಿ, ಹಗಲು ಕೋರ್ಟಿನಲ್ಲಿರುತ್ತಾರೆ. ಡಿಕ್ರಿ, ನಕ್ಷೆ, ದಿನಾಂಕ ಇರುವ ಫೋಟೋಗಳು ಜೊತೆಗಿರಲಿ. ನಿಮ್ಮದು ‘ಗೋಡೆ ಒಡೆಯಿರಿ’ ಅನ್ನುವಂಥ ಡಿಕ್ರಿಯಾದರೆ ತಡಮಾಡಬೇಡಿ, ಅದರ ಅಮಲ್ಜಾರಿ ಅರ್ಜಿ ಹಾಕಲು ಇರುವುದು 3 ವರ್ಷ ಮಾತ್ರ. ‘ಅಡ್ಡಿ ಮಾಡಬೇಡಿ’ ಅನ್ನುವ ಶಾಶ್ವತ ಆಜ್ಞೆಗೆ ಕಾಲಮಿತಿ ಇಲ್ಲ. ಇನ್ನೂ ಮಧ್ಯಂತರ ತಡೆಯಾಜ್ಞೆಯ ಹಂತದಲ್ಲೇ ಇರುವವರಿಗೆ ದಾರಿ ಬೇರೆ, ಆರ್ಡರ್ 39, ರೂಲ್ 2ಎ. ಅದನ್ನೂ ಇವರು ಮಾಡುತ್ತಾರಂತೆ. ಹೊಸ ದಾವಾ ಮಾತ್ರ ತೆಗೆದುಕೊಳ್ಳುವುದಿಲ್ಲ.